ಮಳೆಗೆಂದು ಬಚ್ಚಲಿನ ಕಿಟಕಿ ಮುಚ್ಚಬೇಡಿ

ಮಾನ್ಯ ಸಂಪಾದಕರೇ,

ಸುರತ್ಕಲ್, ಮೂಲ್ಕಿ, ಕಿನ್ನಿಗೋಳಿ ಕಡೆ ಗ್ಯಾಸ್ ಗೀಸರ್ ರಿಪೇರಿ ಮಾಡುವವನು ನಾನು. ಜೂನ್ ಬಂತೆಂದರೆ ಫೋನಿಗೆ ಬಿಡುವಿಲ್ಲ. ಹಂಡೆಯ ಒಲೆಗೆ ಒಣ ಮಡಲು (ತೆಂಗಿನ ಗರಿ) ಸಿಗುವುದಿಲ್ಲ, ಆಗ ಎಲ್ಲರಿಗೂ ಗೀಸರ್ ಬೇಕು. ಬರುವ ಕರೆಗಳಲ್ಲಿ ಹೆಚ್ಚಿನವು ಸಣ್ಣ ತೊಂದರೆಗಳು, ಮನೆಯವರೇ ನೋಡಿಕೊಳ್ಳಬಹುದು. ಆದರೆ ಯಾರೂ ಕರೆ ಮಾಡದ ದೊಡ್ಡ ತೊಂದರೆ ಒಂದಿದೆ.

ಮೊದಲು ಸಣ್ಣವು. ನಲ್ಲಿ ತಿರುಗಿಸಿದಾಗ ಟಿಕ್ ಟಿಕ್ ಸದ್ದು ಬಂದೂ ಬೆಂಕಿ ಹತ್ತದಿದ್ದರೆ, ಸಿಲಿಂಡರ್ ಖಾಲಿಯಾಗಿದೆಯೇ ನೋಡಿ. ಗ್ಯಾಸ್ ಇದ್ದರೆ ಕೆಳಗಿನ ಡಬ್ಬಿಯಲ್ಲಿರುವ ಎರಡು ದಪ್ಪ ಸೆಲ್ ಬದಲಿಸಿ. ಸೆಲ್ ವೀಕಾದಾಗ ಕಿಡಿ ಹಾರಿದರೂ ಗ್ಯಾಸ್ ಬಿಡುವ ವಾಲ್ವ್ ತೆರೆಯದೆ ಇರಬಹುದು. ಹೊಸ ಸೆಲ್ ಹಾಕಿಯೂ ಸದ್ದೇ ಇಲ್ಲವೆಂದರೆ ಬಹುಮಟ್ಟಿಗೆ ನೀರಿನ ಪ್ರೆಶರ್ ಸಾಲುತ್ತಿಲ್ಲ. ನೀರು ರಭಸದಿಂದ ಬಂದು ಒಳಗಿನ ರಬ್ಬರ್ ವಾಷರನ್ನು ತಳ್ಳಿದರೆ ಮಾತ್ರ ಸ್ವಿಚ್ ಒತ್ತಿಕೊಳ್ಳುತ್ತದೆ. ನೀರು, ಗ್ಯಾಸ್ ಎರಡನ್ನೂ ಬಂದ್ ಮಾಡಿ, ತಣ್ಣೀರಿನ ಪೈಪಿನ ನಟ್ ಬಿಚ್ಚಿ ನೋಡಿ. ಒಳಗೆ ಬೆರಳ ತುದಿಯಷ್ಟು ಜಾಲರಿ ಇರುತ್ತದೆ. ಮುರಕಲ್ಲಿನ ಬಾವಿಯ ಕೆಂಪು ಕೆಸರು, ಟ್ಯಾಂಕಿನ ತಳದ ಮಣ್ಣು ಎಲ್ಲ ಅಲ್ಲೇ ಕೂತಿರುತ್ತದೆ. ಹಳೆ ಬ್ರಷ್‌ನಲ್ಲಿ ತಿಕ್ಕಿದರೆ ಸಾಕು.

ನೀರು ಜಾಸ್ತಿ ಬಿಸಿಯಾದರೆ ತಣ್ಣೀರಿನ ನಲ್ಲಿ ತೆರೆಯಬೇಡಿ. ಟ್ಯಾಂಕ್ ತಗ್ಗಿನಲ್ಲಿರುವ ಮನೆಗಳಲ್ಲಿ ಹಾಗೆ ಮಾಡಿದರೆ ಪ್ರೆಶರ್ ಇಳಿದು ಬೆಂಕಿ ಆರುತ್ತದೆ, ಮೈಗೆ ಸೋಪ್ ಹಚ್ಚಿಕೊಂಡು ನಿಂತಿರಬೇಕಾಗುತ್ತದೆ. ಗ್ಯಾಸಿನ ನಾಬ್ ಇಳಿಸಿ. ನಮ್ಮ ಊರಿನ ನೀರು ಅಷ್ಟೇನೂ ತಣ್ಣಗಿರುವುದಿಲ್ಲ, ನಾಬ್ ಪೂರ್ತಿ ಏರಿಸುವ ಅಗತ್ಯವೇ ಬೀಳುವುದಿಲ್ಲ.

ಇನ್ನು ದೊಡ್ಡದು. ಎಷ್ಟೋ ಮನೆಗಳಲ್ಲಿ ಗೀಸರ್ ಬಚ್ಚಲಿನ ಒಳಗೇ ಇದೆ. ಮಳೆ ಎರಚಲು ಹೊಡೆಯುತ್ತದೆಂದು ವೆಂಟಿಲೇಟರಿಗೆ ಪ್ಲಾಸ್ಟಿಕ್ ಕಟ್ಟಿರುತ್ತಾರೆ, ಕಿಟಕಿಯ ಗಾಜು ಎಳೆದಿರುತ್ತಾರೆ. ಕೇಳಿದರೆ, "ಗ್ಯಾಸ್ ವಾಸನೆ ಏನೂ ಇಲ್ಲ ಮಾರಾಯ್ರೆ" ಎನ್ನುತ್ತಾರೆ. ಸೋರುವ ಗ್ಯಾಸಿಗೆ ವಾಸನೆ ಇದೆ, ಸರಿ. ಆದರೆ ಗಾಳಿ ಸಾಲದೆ ಬೆಂಕಿ ಉರಿದಾಗ ಹುಟ್ಟುವ ಕಾರ್ಬನ್ ಮೊನಾಕ್ಸೈಡ್‌ಗೆ ವಾಸನೆಯೂ ಇಲ್ಲ, ಬಣ್ಣವೂ ಇಲ್ಲ. ಅದು ರಕ್ತದಲ್ಲಿ ಆಮ್ಲಜನಕದ ಜಾಗ ಹಿಡಿಯುತ್ತದೆ. ತಲೆನೋವು, ತಲೆಸುತ್ತು, ವಾಕರಿಕೆ ಬರುತ್ತದೆ. ಬಾಗಿಲಿನ ಚಿಲಕ ತೆಗೆಯುವ ಮೊದಲೇ ಮನುಷ್ಯ ಬಿದ್ದಿರುತ್ತಾನೆ. ಒಬ್ಬರಾದ ಮೇಲೆ ಒಬ್ಬರು ಸ್ನಾನಕ್ಕೆ ಹೋಗುವ ಮನೆಯಲ್ಲಿ ಕೊನೆಗೆ ಹೋದವರಿಗೆ ಅಪಾಯ ಇನ್ನೂ ಹೆಚ್ಚು.

ಹಳೆ ಬಚ್ಚಲಿನಲ್ಲಿ ಹಂಡೆಯ ಹೊಗೆ ಹಂಚಿನ ಸಂದಿಯಿಂದ ಹೊರಗೆ ಹೋಗುತ್ತಿತ್ತು. ಹೊಗೆ ಹೆಚ್ಚಾದರೆ ಕಣ್ಣು ಉರಿದು ನಾವೇ ಹೊರಗೆ ಓಡುತ್ತಿದ್ದೆವು. ಈಗ ಮೇಲೆ ಸ್ಲ್ಯಾಬ್, ಸುತ್ತ ಟೈಲ್ಸ್. ಕಣ್ಣಿಗೆ ಏನೂ ಕಾಣುವುದಿಲ್ಲ. ಎಕ್ಸಾಸ್ಟ್ ಫ್ಯಾನ್ ಇದೆಯಲ್ಲ ಎಂಬ ಧೈರ್ಯ ಬೇಡ. ಮಳೆಗಾಲದಲ್ಲಿ ಕರೆಂಟ್ ಹೋಗುವುದು ಗೊತ್ತೇ ಇದೆ, ಸೆಲ್ಲಿನ ಗೀಸರ್ ಮಾತ್ರ ಉರಿಯುತ್ತಲೇ ಇರುತ್ತದೆ.

ಬೆಂಕಿಯ ಬಣ್ಣವನ್ನೂ ನೋಡುತ್ತಿರಿ. ನೀಲಿ ಇರಬೇಕು. ಹಳದಿಗೆ ತಿರುಗಿದರೆ, ಮುಚ್ಚಳದ ಮೇಲೆ ಮಸಿ ಕಂಡರೆ ಆ ಕ್ಷಣವೇ ನಿಲ್ಲಿಸಿ, ತಿಳಿದವರನ್ನು ಕರೆಸಿ. ಆದರೆ ನೀಲಿ ಇದೆಯೆಂದು ಕಿಟಕಿ ಮುಚ್ಚಬೇಡಿ.

ಗೀಸರ್ ಬಚ್ಚಲಿನ ಹೊರಗೇ ಇರಬೇಕು. ಹಿಂದಿನ ಜಗಲಿಯಲ್ಲೋ ಬಾಲ್ಕನಿಯಲ್ಲೋ ಗಾಳಿಯಾಡುವ ಕಡೆ ಕೂರಿಸಿ, ಬಿಸಿನೀರಿನ ಪೈಪ್ ಮಾತ್ರ ಒಳಗೆ ತನ್ನಿ. ಸ್ವಲ್ಪ ಪೈಪು, ಗೋಡೆಗೊಂದು ತೂತು, ಖರ್ಚು ಅಷ್ಟೇ. ಫ್ಲ್ಯಾಟ್ ಕಟ್ಟುವವರು ಕಟ್ಟುವಾಗಲೇ ಆ ಪೈಪ್ ಎಳೆದಿಡಲಿ. ಮಣಿಪಾಲ, ದೇರಳಕಟ್ಟೆ ಕಡೆ ವಿದ್ಯಾರ್ಥಿಗಳಿಗೆ ರೂಮು ಕೊಟ್ಟಿರುವ ಮಾಲೀಕರು ಈ ಮಳೆಗಾಲದಲ್ಲೇ ಒಮ್ಮೆ ಬಚ್ಚಲಿಗೆ ಹೋಗಿ ನೋಡಲಿ. ಗೀಸರ್ ಒಳಗಿದ್ದರೆ ಹೊರಗೆ ಹಾಕಿಸುವವರೆಗೆ ಅದರ ರೆಗ್ಯುಲೇಟರ್ ತೆಗೆದಿಡಲಿ.

— ಒಬ್ಬ ಗೀಸರ್ ಮೆಕ್ಯಾನಿಕ್, ಸುರತ್ಕಲ್