ಖುದ್ದು ಹಾಜರಿ ಎಂದರಷ್ಟೇ ಕೂಲಿ

ಮಾನ್ಯರೆ,
ದಿನಗೂಲಿಯವರ ಬಾಕಿ ಕೂಲಿ ಕೊಡಿ ಎಂದು ಹೈಕೋರ್ಟ್ ಆದೇಶಿಸಿದರೂ ಅಲುಗಾಡದ ಸರ್ಕಾರಿ ಕಡತ, ನ್ಯಾಯಾಂಗ ನಿಂದನೆ ಪ್ರಕರಣದಲ್ಲಿ ಅಧಿಕಾರಿ ಖುದ್ದು ಹಾಜರಾಗಬೇಕೆಂದ ಕೂಡಲೇ ಓಡತೊಡಗುತ್ತದೆ. ಅಲ್ಲಿಯವರೆಗೆ ಇಲ್ಲದ ಅನುದಾನ ರಾತ್ರೋರಾತ್ರಿ ಎಲ್ಲಿಂದ ಬರುತ್ತದೋ! 1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ ಗರಿಷ್ಠ ಶಿಕ್ಷೆ ಆರು ತಿಂಗಳ ಸಾದಾ ಸಜೆ, 2,000 ರೂಪಾಯಿ ದಂಡ. ಮನಃಪೂರ್ವಕ ಕ್ಷಮೆ ಕೇಳಿದರೆ ಅದೂ ಮಾಫಿಯಾಗಬಹುದು. ಕೂಲಿಯವನಿಗೆ ಮಾತ್ರ ಗಡುವು ಬಿಗಿ: ಆದೇಶ ಉಲ್ಲಂಘನೆಯಾದ ಒಂದು ವರ್ಷದೊಳಗೆ ನಿಂದನೆ ಅರ್ಜಿ ಹಾಕಬೇಕು. ಇಂಡಿ, ಸಿಂದಗಿ ಕಡೆಯ ದಿನಗೂಲಿಯವರಿಗೆ ಇದನ್ನು ಹೇಳುವವರು ಯಾರು? ಕಲಬುರಗಿ ಪೀಠಕ್ಕೆ ಹೋಗಿಬಂದರೆ ಅವತ್ತಿನ ಪಗಾರವೂ ಹೋಯಿತು. ಅಧಿಕಾರಿಯ ಪರ ವಾದಿಸುವ ವಕೀಲರ ಫೀ ಸರ್ಕಾರದ್ದು, ಅಂದರೆ ನಮ್ಮದೇ. ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ತಾಲ್ಲೂಕುಗಳಲ್ಲಿ ಈ ಗಡುವಿನ ಬಗ್ಗೆ ತಿಳಿವಳಿಕೆ ನೀಡಲಿ. ತಡವಾದ ಕೂಲಿಯ ಬಡ್ಡಿಯನ್ನು ತಡಮಾಡಿದವರ ಸಂಬಳದಲ್ಲೇ ಮುರಿದುಕೊಳ್ಳಲಿ.

– ಓದುಗ, ವಿಜಯಪುರ