ಜೀಪು ಹತ್ತಿಸಿದ ಹೊತ್ತನ್ನು ಬರೆಯಿಸಿ: ಗೃಹ ಸಚಿವರಿಗೊಂದು ಬಹಿರಂಗ ಪತ್ರ

ಮಾನ್ಯ ಗೃಹ ಸಚಿವರಿಗೆ,
ಕರ್ನಾಟಕ ಸರ್ಕಾರ, ವಿಧಾನಸೌಧ, ಬೆಂಗಳೂರು

ಮಾನ್ಯರೇ,

ಒಬ್ಬ ಮನುಷ್ಯನನ್ನು ಪೊಲೀಸರು ಮನೆಯಿಂದಲೋ ಅಂಗಡಿಯಿಂದಲೋ ಕರೆದೊಯ್ದ ಮೇಲೆ ಅವನ ಪಾಲಿಗೆ ಎರಡು ಗಡಿಯಾರ ಓಡುತ್ತವೆ. ಒಂದು ಮನೆಯವರದು: ಸಂಜೆ 6ಕ್ಕೆ ಜೀಪು ಬಂತು, ‘ಸ್ವಲ್ಪ ವಿಚಾರಣೆ ಇದೆ’ ಎಂದು ಕರೆದುಕೊಂಡು ಹೋದರು. ಇನ್ನೊಂದು ಕಡತದ್ದು: ‘ಮರುದಿನ ಬೆಳಿಗ್ಗೆ 10.30ಕ್ಕೆ ಬಸ್ ನಿಲ್ದಾಣದ ಬಳಿ ಅನುಮಾನಾಸ್ಪದವಾಗಿ ತಿರುಗಾಡುತ್ತಿದ್ದವನನ್ನು ಹಿಡಿದು ದಸ್ತಗಿರಿ ಮಾಡಲಾಯಿತು.’ ನಡುವಿನ ಹದಿನಾರೂವರೆ ಗಂಟೆ ಯಾವ ಕಾಗದದಲ್ಲೂ ಇರುವುದಿಲ್ಲ. ಆ ಹೊತ್ತಿನಲ್ಲಿ ಅವನು ಬಂಧಿತನೂ ಅಲ್ಲ, ಬಿಡುಗಡೆಯಾದವನೂ ಅಲ್ಲ. ಏಟು ಬೀಳುವುದು, ಖಾಲಿ ಹಾಳೆಗೆ ಸಹಿ ಬೀಳುವುದು, ಮನೆಯವರು ಠಾಣೆಯಿಂದ ಠಾಣೆಗೆ ಅಲೆಯುವುದು ಎಲ್ಲ ಆ ಗಂಟೆಗಳಲ್ಲೇ. ಈ ಪತ್ರ ಆ ಗಂಟೆಗಳ ಬಗ್ಗೆ.

ಸಂವಿಧಾನದ 22(2)ನೇ ವಿಧಿ ಏನು ಹೇಳುತ್ತದೆಂಬುದು ತಮಗೆ ಗೊತ್ತು. ಬಂಧಿಸಿದವರನ್ನು, ಪ್ರಯಾಣದ ಸಮಯ ಬಿಟ್ಟು, 24 ಗಂಟೆಯೊಳಗೆ ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸಬೇಕು. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ (ಬಿಎನ್‌ಎಸ್‌ಎಸ್) 58ನೇ ಕಲಂ ಹೇಳುವುದೂ ಅದನ್ನೇ. ತಕರಾರು ಇರುವುದು 24ರ ಬಗ್ಗೆ ಅಲ್ಲ, ಎಣಿಕೆ ಎಲ್ಲಿಂದ ಶುರು ಎಂಬುದರ ಬಗ್ಗೆ. ಇದಕ್ಕೂ ಉತ್ತರ ಹಳೆಯದೇ. ಮನುಷ್ಯನ ಓಡಾಟಕ್ಕೆ ತಡೆ ಬಿದ್ದ ಕ್ಷಣದಿಂದಲೇ ಬಂಧನ ಶುರು, ಅಧಿಕಾರಿ ಬರೆದುಕೊಂಡ ಹೊತ್ತಿನಿಂದಲ್ಲ ಎಂದು ಬಾಂಬೆ ಹೈಕೋರ್ಟ್ 1990ರಲ್ಲೇ ಹೇಳಿದೆ. 2025ರ ಜನವರಿಯಲ್ಲಿ ಜಾರಿ ನಿರ್ದೇಶನಾಲಯದ ಒಂದು ಪ್ರಕರಣ ಸುಪ್ರೀಂ ಕೋರ್ಟಿಗೆ ಬಂತು. ಆರೋಪಿಯನ್ನು ದೆಹಲಿಯ ವಿಮಾನ ನಿಲ್ದಾಣದಲ್ಲಿ ವಶಕ್ಕೆ ತೆಗೆದುಕೊಂಡದ್ದು 2022ರ ಮಾರ್ಚ್ 5ರ ಬೆಳಿಗ್ಗೆ 11ಕ್ಕೆ. ಬಂಧನದ ಕಾಗದದಲ್ಲಿ ಬರೆದದ್ದು 6ರ ನಸುಕಿನ 1.15. ಕೋರ್ಟಿಗೆ ಹಾಜರುಪಡಿಸಿದ್ದು 6ರ ಮಧ್ಯಾಹ್ನ 3ಕ್ಕೆ. ಕಾಗದದ ಲೆಕ್ಕದಲ್ಲಿ ಹದಿನಾಲ್ಕು ಗಂಟೆಗೂ ಕಡಿಮೆ, ನಿಜದ ಲೆಕ್ಕದಲ್ಲಿ 28 ಗಂಟೆ. ಬಂಧನವೇ ಅಕ್ರಮವೆಂದಾಯಿತು, ಜಾಮೀನು ಉಳಿಯಿತು. ದೆಹಲಿಯ ವಿಮಾನ ನಿಲ್ದಾಣದಲ್ಲಿ ಹಿಡಿದವರಿಗೆ ದಾಖಲೆ ಇತ್ತು, ವಕೀಲರಿದ್ದರು. ತಾಲ್ಲೂಕಿನ ಸಂತೆಯಲ್ಲಿ ಹಿಡಿದ ಕೂಲಿಯವನಿಗೆ ಯಾವ ದಾಖಲೆ ಇದೆ?

ಪೊಲೀಸರು ಹೀಗೆ ಮಾಡುವುದೇಕೆ ಎಂದು ಕೇಳದೆ ಬರೀ ದೂರಿದರೆ ಪ್ರಯೋಜನವಿಲ್ಲ. ಕಳ್ಳತನದ ಕೇಸಿನಲ್ಲಿ ತನಿಖಾಧಿಕಾರಿಗೆ ಮೊದಲು ಬೇಕಾಗುವುದು ಮಾಲು. ದಸ್ತಗಿರಿ ಬರೆದ ಕೂಡಲೇ 24 ಗಂಟೆಯ ಎಣಿಕೆ ಶುರುವಾಗುತ್ತದೆ. ಆದ್ದರಿಂದ ಮೊದಲು ಮಾಲು, ಆಮೇಲೆ ಕಾಗದ. ಆದರೆ ಮಾಲು ಸಿಕ್ಕಿದ ಹೊತ್ತನ್ನು ಆಮೇಲೆ ದಸ್ತಗಿರಿಯ ನಂತರಕ್ಕೆ ಹೊಂದಿಸಬೇಕಾಗುತ್ತದೆ. ಭಾರತೀಯ ಸಾಕ್ಷ್ಯ ಅಧಿನಿಯಮದ 23ನೇ ಕಲಮಿನ ಪ್ರಕಾರ ಆರೋಪಿಯ ಮಾತಿನಿಂದ ಸಿಕ್ಕ ವಸ್ತು ಸಾಕ್ಷ್ಯವಾಗಬೇಕಾದರೆ, ಆ ಮಾತು ಆಡಿದಾಗ ಅವನು ಪೊಲೀಸ್ ವಶದಲ್ಲಿರಬೇಕು. ಹೀಗಾಗಿ ಪಂಚನಾಮೆಯ ಹೊತ್ತು ತಿದ್ದುತ್ತಾರೆ, ಮಹಜರಿಗೆ ಬರದೇ ಇದ್ದ ಪಂಚ ಸಾಕ್ಷಿಗಳಿಂದ ಠಾಣೆಯಲ್ಲೇ ಸಹಿ ಹಾಕಿಸುತ್ತಾರೆ. ವಿಚಾರಣೆಯಲ್ಲಿ ಪಂಚರು ಉಲ್ಟಾ ಹೊಡೆಯುತ್ತಾರೆ. ಮೊಬೈಲ್ ಟವರ್ ದಾಖಲೆ ತರಿಸಿದರೆ ಆರೋಪಿಯ ಫೋನು ಹಿಂದಿನ ರಾತ್ರಿಯೇ ಠಾಣೆಯ ಪಕ್ಕದಲ್ಲಿರುತ್ತದೆ. ನಿಜವಾದ ಕಳ್ಳನೂ ಬಿಡುಗಡೆಯಾಗುತ್ತಾನೆ. ಬರೆಯದ ಆ ಹದಿನಾರು ಗಂಟೆಯಿಂದ ಸ್ವಾತಂತ್ರ್ಯಕ್ಕೂ ನಷ್ಟ, ಪ್ರಾಸಿಕ್ಯೂಷನ್ನಿಗೂ ನಷ್ಟ.

ಈಗ ನೋಟಿಸಿನ ವಿಷಯ. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಬಂಧನವೇ ನಿಯಮವಲ್ಲ. ಸಾಮಾನ್ಯ ಕಳ್ಳತನ, ಅಂದರೆ ಭಾರತೀಯ ನ್ಯಾಯ ಸಂಹಿತೆಯ (ಬಿಎನ್‌ಎಸ್) 303(2), ಮೂರು ವರ್ಷದ ಅಪರಾಧ. ಇಂಥಲ್ಲಿ ಬಿಎನ್‌ಎಸ್‌ಎಸ್ 35(3)ರ ಪ್ರಕಾರ ಹಾಜರಾಗಲು ನೋಟಿಸ್ ಕೊಟ್ಟು ಕರೆಸಬೇಕು. ಬಂಧಿಸಲೇಬೇಕೆಂದರೆ 35(1)ರಲ್ಲಿ ಹೇಳಿದ ಐದು ಕಾರಣಗಳಲ್ಲಿ ಯಾವುದು ಈ ಮನುಷ್ಯನಿಗೆ ಹೊಂದುತ್ತದೆಂದು ಬರೆಯಬೇಕು: ಮತ್ತೆ ಅಪರಾಧ ಮಾಡದಂತೆ ತಡೆಯುವುದಕ್ಕೋ, ಸರಿಯಾದ ತನಿಖೆಗೋ, ಸಾಕ್ಷ್ಯ ನಾಶ ತಪ್ಪಿಸುವುದಕ್ಕೋ, ಸಾಕ್ಷಿದಾರರನ್ನು ಹೆದರಿಸದಿರಲೋ, ಕೋರ್ಟಿಗೆ ಬರುತ್ತಾನೆಂಬ ಭರವಸೆ ಇಲ್ಲದ್ದಕ್ಕೋ. ಸುಪ್ರೀಂ ಕೋರ್ಟಿನ 2014ರ ಅರ್ನೇಶ್ ಕುಮಾರ್ ತೀರ್ಪಿನ ನಂತರ ಇದಕ್ಕೊಂದು ತಪಾಸಣಾ ಪಟ್ಟಿಯೂ ಇದೆ. ಆದರೆ ಐದಕ್ಕೂ ಟಿಕ್ ಹಾಕಿದ, ಹೆಸರಷ್ಟೇ ಬದಲಾದ ಜೆರಾಕ್ಸ್ ಹಾಳೆ ರಿಮ್ಯಾಂಡ್ ಅರ್ಜಿಯ (ಬಂಧಿತನನ್ನು ಇನ್ನೂ ವಶದಲ್ಲಿಡಲು ಕೋರ್ಟನ್ನು ಕೇಳುವ ಅರ್ಜಿ) ಹಿಂದೆ ಪಿನ್ ಆಗಿ ಬರುತ್ತದೆ. ನೋಟಿಸಾದರೂ ಫೋನ್ ಕರೆಯ ರೂಪದಲ್ಲಿರುತ್ತದೆ, ‘ಸ್ಟೇಷನ್ನಿಗೆ ಬಂದು ಹೋಗು’ ಅಂತ. ವಾಟ್ಸ್ಆ್ಯಪಿನಲ್ಲಿ ಕಳಿಸಿದ್ದು ಈ ಕಲಮಿನಡಿ ನೋಟಿಸ್ ಆಗುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2025ರ ಜನವರಿಯಲ್ಲಿ ಹೇಳಿದೆ. ನೋಟಿಸಿನಲ್ಲಿ ಅಪರಾಧ ಸಂಖ್ಯೆ, ಕಲಂ ಇರಬೇಕು, ಎಫ್‌ಐಆರ್ ಪ್ರತಿ ಲಗತ್ತಾಗಿರಬೇಕು ಎಂದು ನಮ್ಮ ಹೈಕೋರ್ಟ್ 2024ರಲ್ಲೇ ನಿರ್ದೇಶಿಸಿದೆ.

ಬಂಧನದ ಕಾರಣ ತಿಳಿಸುವ ಹಾಳೆಯನ್ನು ತಾವೊಮ್ಮೆ ಕೈಯಲ್ಲಿ ಹಿಡಿದು ನೋಡಬೇಕು. ಅದರಲ್ಲಿ ಸಾಮಾನ್ಯವಾಗಿ ಇರುವುದು ಇಷ್ಟು: ‘ಆರೋಪಿಯು ಸದರಿ ಅಪರಾಧದಲ್ಲಿ ಭಾಗಿಯಾಗಿರುವುದು ಕಂಡುಬಂದಿದ್ದು, ತನಿಖೆಗೆ ಅವಶ್ಯಕವಿರುವುದರಿಂದ ದಸ್ತಗಿರಿ ಮಾಡಲಾಗಿದೆ. ಕಾರಣಗಳನ್ನು ತಿಳಿಸಲಾಗಿದೆ.’ ಕೆಳಗೆ ಹೆಬ್ಬೆಟ್ಟು. ಇದು ಯಾರಿಗೆ ಬೇಕಾದರೂ ಹೊಂದುವ ಒಕ್ಕಣೆ, ಹಾಗಾಗಿಯೇ ಯಾರಿಗೂ ಹೊಂದುವುದಿಲ್ಲ. ಇರಬೇಕಾದದ್ದು ಹೀಗೆ: ‘ಇಂಥ ದಿನ ರಾತ್ರಿ ಇಷ್ಟು ಹೊತ್ತಿಗೆ ಇಂಥ ಅಂಗಡಿ ಮುಂದೆ ನಿಲ್ಲಿಸಿದ್ದ ಇಂಥ ನಂಬರಿನ ಬೈಕ್ ಕಳುವಾಗಿದೆ. ಎದುರಿನ ಕ್ಯಾಮೆರಾದಲ್ಲಿ ನೀನು ಅದನ್ನು ತಳ್ಳಿಕೊಂಡು ಹೋಗುವುದು ಕಾಣುತ್ತದೆ. ಎರಡು ಸಲ ನೋಟಿಸ್ ಕೊಟ್ಟರೂ ಬರಲಿಲ್ಲ.’ ಇದನ್ನು ಓದಿದ ವಕೀಲ ಜಾಮೀನಿಗೆ ವಾದ ಮಾಡಬಲ್ಲ, ಮ್ಯಾಜಿಸ್ಟ್ರೇಟರು ಪ್ರಶ್ನೆ ಕೇಳಬಲ್ಲರು. ಎಲ್ಲ ಆರೋಪಿಗಳಿಗೂ ಅನ್ವಯಿಸುವ ‘ಕಾರಣ’ ಬೇರೆ, ಈ ಒಬ್ಬನನ್ನೇ ಹಿಡಿಯಲು ಇರುವ ‘ಆಧಾರ’ ಬೇರೆ ಎಂದು 2024ರ ಮೇ 15ರಂದು ಪ್ರಬೀರ್ ಪುರ್ಕಾಯಸ್ಥ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಿಡಿಸಿ ಹೇಳಿತು. 2025ರ ನವೆಂಬರ್ 6ರ ತೀರ್ಪು ಇನ್ನೂ ಮುಂದೆ ಹೋಯಿತು. ಯಾವ ಅಪರಾಧವೇ ಇರಲಿ, ಆಧಾರಗಳನ್ನು ಬಂಧಿತನಿಗೆ ಅರ್ಥವಾಗುವ ಭಾಷೆಯಲ್ಲಿ ಬರೆದು ಕೊಡಬೇಕು. ಸ್ಥಳದಲ್ಲೇ ಬರೆದುಕೊಡಲು ಆಗದಿದ್ದರೆ ಬಾಯಿಮಾತಿನಲ್ಲಿ ತಿಳಿಸಿ, ಮ್ಯಾಜಿಸ್ಟ್ರೇಟರ ಮುಂದೆ ಹಾಜರುಪಡಿಸುವುದಕ್ಕೆ ಕನಿಷ್ಠ ಎರಡು ಗಂಟೆ ಮೊದಲಾದರೂ ಬರಹ ಅವನ ಕೈಸೇರಬೇಕು. ಇಲ್ಲವಾದರೆ ಬಂಧನವೂ ಅಕ್ರಮ, ರಿಮ್ಯಾಂಡೂ ಅಕ್ರಮ.

ಅರ್ಥವಾಗುವ ಭಾಷೆ ಎಂದರೆ ಕರ್ನಾಟಕದಲ್ಲಿ ಕನ್ನಡವೊಂದೇ ಸಾಲದು. ಬೆಂಗಳೂರಿನ ಕಟ್ಟಡ ಕೆಲಸದಲ್ಲಿ ಬಂಗಾಳಿ, ಒಡಿಯಾ, ಹಿಂದಿ ಮಾತಾಡುವವರಿದ್ದಾರೆ. ಬೆಳಗಾವಿಯಲ್ಲಿ ಮರಾಠಿ, ಕೋಲಾರದಲ್ಲಿ ತೆಲುಗು. ಓದು ಬಾರದವರಿಗೆ ಬರೆದು ಕೊಟ್ಟರೆ ಸಾಲದು, ಓದಿ ಹೇಳಿ, ಯಾರು ಓದಿ ಹೇಳಿದರೆಂದು ಅಲ್ಲೇ ಬರೆಯಬೇಕು.

ಇನ್ನು ಕ್ಯಾಮೆರಾ. 2020ರ ಡಿಸೆಂಬರ್ 2ರಂದು ಪರಮವೀರ್ ಸಿಂಗ್ ಸೈನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಪ್ರತಿ ಠಾಣೆಯ ಗೇಟು, ಲಾಕಪ್, ಮೊಗಸಾಲೆ, ಇನ್‌ಸ್ಪೆಕ್ಟರ್ ಕೋಣೆ, ಹಿತ್ತಿಲು ಎಲ್ಲೆಡೆ ರಾತ್ರಿಯೂ ಕಾಣುವ, ಧ್ವನಿಯೂ ದಾಖಲಾಗುವ ಕ್ಯಾಮೆರಾ ಇರಬೇಕೆಂದಿತು. ದೃಶ್ಯ 18 ತಿಂಗಳು ಉಳಿಯಬೇಕು. ಅಷ್ಟು ಸಾಮರ್ಥ್ಯದ ಉಪಕರಣ ಮಾರುಕಟ್ಟೆಯಲ್ಲಿ ಸಿಗದಿದ್ದರೂ ಒಂದು ವರ್ಷಕ್ಕಿಂತ ಕಡಿಮೆ ಇರುವಂತಿಲ್ಲ. ಎಡವುವುದು ಎಲ್ಲಿ ಎಂಬುದು ಲೆಕ್ಕ ಹಾಕಿದರೆ ಕಾಣುತ್ತದೆ. ಸೆಕೆಂಡಿಗೆ 2 ಮೆಗಾಬಿಟ್ ದರದಲ್ಲಿ ಒಂದು ಕ್ಯಾಮೆರಾ ದಿನಕ್ಕೆ ಸುಮಾರು 21.6 ಜಿಬಿ ತುಂಬುತ್ತದೆ. 16 ಕ್ಯಾಮೆರಾ ಇದ್ದರೆ ದಿನಕ್ಕೆ 345 ಜಿಬಿ. 4 ಟಿಬಿಯ ಹಾರ್ಡ್ ಡಿಸ್ಕ್ ಹಾಕಿದ ಡಿವಿಆರ್ (ದೃಶ್ಯ ದಾಖಲಿಸುವ ಪೆಟ್ಟಿಗೆ) ಹನ್ನೆರಡು ದಿನ ತುಂಬುವ ಮೊದಲೇ ಹಳೆಯದರ ಮೇಲೆ ಹೊಸದು ಬರೆಯಲು ಶುರುಮಾಡುತ್ತದೆ. 18 ತಿಂಗಳಿಗೆ ಬೇಕಾದದ್ದು ಸುಮಾರು 190 ಟಿಬಿ. ಬಂಧಿತ ಜಾಮೀನಿನ ಮೇಲೆ ಹೊರಬಂದು, ವಕೀಲರನ್ನು ಹಿಡಿದು, ದೃಶ್ಯ ಕೊಡಿ ಎಂದು ಅರ್ಜಿ ಹಾಕುವಷ್ಟರಲ್ಲಿ ಹನ್ನೆರಡು ದಿನ ಎಂದೋ ದಾಟಿರುತ್ತದೆ. ಯಾರೂ ಅಳಿಸಬೇಕಾಗಿಲ್ಲ, ತಾನಾಗಿಯೇ ಅಳಿದುಹೋಗುತ್ತದೆ. ಕ್ಯಾಮೆರಾ ಎಷ್ಟು ಹಾಕಿಸಿದ್ದೀರಿ ಎಂದು ಸದನದಲ್ಲಿ ಪ್ರಶ್ನೆ ಬಂದಾಗ ದಯವಿಟ್ಟು ಡಿಸ್ಕಿನ ಅಳತೆಯನ್ನೂ ಹೇಳಿ.

ಹಣ ಬೇಕಾದ ಕೆಲಸ ಅದೊಂದೇ. ಉಳಿದದ್ದು ಪೊಲೀಸ್ ಮಹಾನಿರ್ದೇಶಕರ ಒಂದು ಸುತ್ತೋಲೆಯಿಂದ ಆಗುವಂಥದ್ದು. ಠಾಣೆಯ ಬಾಗಿಲಲ್ಲಿ ಪುಟಕ್ಕೆ ಸಂಖ್ಯೆ ಹಾಕಿ ಹೊಲಿದ ಒಂದು ರಿಜಿಸ್ಟರ್ ಇರಲಿ. ಸಾಕ್ಷಿ, ಶಂಕಿತ, ‘ಸುಮ್ಮನೆ ವಿಚಾರಣೆ’ ಎಂಬ ಭೇದವಿಲ್ಲದೆ ಪೊಲೀಸರು ಕರೆತಂದ ಪ್ರತಿಯೊಬ್ಬರ ಹೆಸರು, ಎಲ್ಲಿಂದ ಕರೆತಂದದ್ದು, ಯಾವ ವಾಹನ, ಒಳಬಂದ ಹೊತ್ತು, ಹೊರಹೋದ ಹೊತ್ತು ಅದರಲ್ಲಿರಲಿ, ಅವರದೇ ಸಹಿಯೊಂದಿಗೆ. ದಸ್ತಗಿರಿ ಜ್ಞಾಪನದ ಮುದ್ರಿತ ನಮೂನೆಗೆ ಒಂದೇ ಒಂದು ಕಾಲಂ ಸೇರಿಸಿ: ‘ಮೊದಲು ವಶಕ್ಕೆ ಪಡೆದ ಹೊತ್ತು ಮತ್ತು ಸ್ಥಳ’. ಈ ಹೊತ್ತು ಬಾಗಿಲ ರಿಜಿಸ್ಟರಿಗೆ, ಠಾಣಾ ದಿನಚರಿಗೆ, ಸರ್ಕಾರಿ ಆಸ್ಪತ್ರೆಯ ತಪಾಸಣೆ ಚೀಟಿಗೆ, ರಿಮ್ಯಾಂಡ್ ಅರ್ಜಿಗೆ ತಾಳೆಯಾಗಬೇಕು. ಆಗದಿದ್ದರೆ ಡಿವೈಎಸ್ಪಿ ಏಳು ದಿನದೊಳಗೆ ಲಿಖಿತ ವಿವರಣೆ ಪಡೆಯಲಿ. ಆಸ್ಪತ್ರೆಯಲ್ಲಿ ವೈದ್ಯರು ಬಂಧಿತನೊಂದಿಗೆ ಮಾತಾಡುವಾಗ ಪೊಲೀಸರು ಕಿವಿಗೆ ಬೀಳದಷ್ಟು ದೂರ ನಿಲ್ಲಲಿ. ‘ಯಾವುದೇ ಗಾಯಗಳಿಲ್ಲ’ ಎಂಬ ಸಾಲು ಬಟ್ಟೆ ಬಿಚ್ಚಿಸದೆ ಬರೆಯುವ ಸಾಲು ಎಂಬುದು ಕೋರ್ಟು ಹಾಲಿನಲ್ಲಿ ಎಲ್ಲರಿಗೂ ಗೊತ್ತು.

ಮನೆಯವರು ಅರ್ಜಿ ಕೊಟ್ಟ ದಿನವೇ ಆ ದಿನಗಳ ಕ್ಯಾಮೆರಾ ದೃಶ್ಯವನ್ನು ಬೇರೆ ಡಿಸ್ಕಿಗೆ ತೆಗೆದಿಟ್ಟು ಸ್ವೀಕೃತಿ ಕೊಡುವಂತಾಗಲಿ. ಉಚಿತ ಕಾನೂನು ನೆರವಿನ 15100 ಸಂಖ್ಯೆ ಲಾಕಪ್ಪಿನ ಒಳಗಿನಿಂದ ಓದುವ ಹಾಗೆ ಗೋಡೆಯ ಮೇಲಿರಲಿ. ಠಾಣಾಧಿಕಾರಿಯ ಮೇಜಿನ ಹಿಂದೆ ಇದ್ದರೆ ಅದು ಬಂಧಿತನಿಗೆ ಕಾಣುವುದಿಲ್ಲ. ಎಫ್‌ಐಆರೇ ಇಲ್ಲದೆ ಮುನ್ನೆಚ್ಚರಿಕೆಯ ಹೆಸರಿನಲ್ಲಿ ಬಿಎನ್‌ಎಸ್‌ಎಸ್ ಕಲಂ 170ರಡಿ ಕೂರಿಸುವವರಿಗೂ ಇದೆಲ್ಲ ಅನ್ವಯವಾಗಲಿ. ಧರಣಿಗೆ ಹೊರಟವರನ್ನು ಹಿಂದಿನ ರಾತ್ರಿ ಕರೆತಂದು ಕೂರಿಸುವುದು ಈ ಕಲಮಿನ ನೆರಳಿನಲ್ಲೇ.

ಇಷ್ಟು ಸಣ್ಣ ಸಂಗತಿಗೆ ಸಂವಿಧಾನದ ಮಾತೇಕೆ ಎನ್ನಬಹುದು. ‘ಭಾರತದ ಜನರಾದ ನಾವು’ ಎಂದು ಶುರುವಾಗುವ ಸಂವಿಧಾನದಲ್ಲಿ ಅಧಿಕಾರದ ಒಡೆತನ ಜನರದು. ಕಾನ್‌ಸ್ಟೇಬಲ್ ಒಬ್ಬರು ಮತ್ತೊಬ್ಬರ ತೋಳು ಹಿಡಿಯುವ ಅಧಿಕಾರವೂ ಅಲ್ಲಿಂದಲೇ ಎರವಲು ಬಂದದ್ದು. ಎರವಲಿಗೆ ಲೆಕ್ಕ ಬೇಕು. ಲೆಕ್ಕ ಕೇಳುವ ದಾರಿಯನ್ನೇ ಮುಚ್ಚಿದಾಗ ಏನಾಯಿತೆಂಬುದಕ್ಕೆ ತಮ್ಮ ಕಚೇರಿಯಿಂದ ದೂರವಿಲ್ಲದ ಫ್ರೀಡಂ ಪಾರ್ಕ್ ಸಾಕ್ಷಿ, ಅದು ಹಳೆಯ ಸೆಂಟ್ರಲ್ ಜೈಲು. ತುರ್ತು ಪರಿಸ್ಥಿತಿಯಲ್ಲಿ ನಟಿ ಸ್ನೇಹಲತಾ ರೆಡ್ಡಿ ಅಸ್ತಮಾದಿಂದ ನರಳುತ್ತ ಇದ್ದದ್ದು ಅಲ್ಲಿ. 1977ರ ಜನವರಿಯಲ್ಲಿ ಪೆರೋಲಿನ ಮೇಲೆ ಹೊರಬಂದ ಕೆಲವೇ ದಿನಗಳಲ್ಲಿ ತೀರಿಕೊಂಡರು. ಬಂಧನ ಅಕ್ರಮವೇ ಎಂದು ಕೋರ್ಟು ಕೇಳುವಂತೆಯೇ ಇಲ್ಲ ಎಂದು 1976ರ ಏಪ್ರಿಲ್ 28ರಂದು ಸುಪ್ರೀಂ ಕೋರ್ಟು ತೀರ್ಪು ಕೊಟ್ಟಿತ್ತು. ನ್ಯಾಯಮೂರ್ತಿ ಎಚ್.ಆರ್. ಖನ್ನಾ ಒಬ್ಬರೇ ಒಪ್ಪಲಿಲ್ಲ. ಆ ತೀರ್ಪನ್ನು ತೊಡೆದುಹಾಕಲು 2017ರವರೆಗೆ ಕಾಯಬೇಕಾಯಿತು, ಅದೂ ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿಯವರು ಹೂಡಿದ ಪ್ರಕರಣದಲ್ಲಿ.

ಸುತ್ತೋಲೆ ಹೊರಟರೆ ಅದರ ಪ್ರತಿ ಠಾಣೆಗಳಿಗೆ ಮಾತ್ರವಲ್ಲ, ಪ್ರತಿ ತಾಲ್ಲೂಕಿನ ವಕೀಲರ ಸಂಘಕ್ಕೂ, ಸರ್ಕಾರಿ ಆಸ್ಪತ್ರೆಗೂ, ಗ್ರಾಮ ಪಂಚಾಯಿತಿಯ ಸೂಚನಾ ಫಲಕಕ್ಕೂ ಕನ್ನಡದಲ್ಲಿ ತಲುಪಲಿ. ಮೊದಲ ಮೂರು ತಿಂಗಳ ಬಾಗಿಲ ರಿಜಿಸ್ಟರುಗಳನ್ನು ದಸ್ತಗಿರಿ ಜ್ಞಾಪನಗಳ ಪಕ್ಕದಲ್ಲಿಟ್ಟು, ಎಷ್ಟು ಕಡೆ ಹೊತ್ತು ತಾಳೆಯಾಗಲಿಲ್ಲ ಎಂಬ ಲೆಕ್ಕವನ್ನು ಠಾಣೆವಾರು ಸದನದ ಮುಂದಿಡಿ.

ಇಂತಿ ತಮ್ಮ ವಿಶ್ವಾಸಿಗಳು,
ಕೆಳ ನ್ಯಾಯಾಲಯಗಳಲ್ಲಿ ಕ್ರಿಮಿನಲ್ ಕೇಸು ನಡೆಸುವ ವಕೀಲರು