ಕಪ್ಪು ಚಿರತೆ ಬೇರೆ ಪ್ರಭೇದವಲ್ಲ

ಮಾನ್ಯ ಸಂಪಾದಕರೇ,

ಕಳೆದ ಭಾನುವಾರದ ಪುರವಣಿಯಲ್ಲಿ ನೀವು ಹಾಕಿದ್ದ ಚಿತ್ರ ಸೊಗಸಾಗಿತ್ತು. ಕೊಂಬೆಯ ಮೇಲೆ ಕಪ್ಪು ಚಿರತೆ, ಅದರ ಬೆನ್ನಿಗೇ ಚುಕ್ಕೆಯ ಚಿರತೆ. ಚಿತ್ರದ ಕೆಳಗಿನ ಸಾಲು ಓದಿದಾಗ ಮಾತ್ರ ಕನ್ನಡಕ ತೆಗೆದು ಒರೆಸಿಕೊಂಡೆ: ‘ಎರಡು ಪ್ರಭೇದಗಳ ಅಪೂರ್ವ ಸ್ನೇಹ’! ಒಳಗಿನ ಬರಹದಲ್ಲಿ ಅದೇ ಕಪ್ಪು ಪ್ರಾಣಿ ಒಂದು ಕಡೆ ‘ಅಪರೂಪದ ತಳಿ’, ಇನ್ನೊಂದು ಕಡೆ ‘ಉಪಜಾತಿ’. ಒಂದು ಪುಟದೊಳಗೆ ಒಂದೇ ಪ್ರಾಣಿಗೆ ಮೂರು ಪದವಿ. ಮೂರೂ ಅದರದಲ್ಲ.

ನಾನು ವಿಜ್ಞಾನಿಯಲ್ಲ. ಕಾಲೇಜೊಂದರ ಪ್ರಾಣಿಶಾಸ್ತ್ರ ವಿಭಾಗದಲ್ಲಿ 27 ವರ್ಷ ಪ್ರಯೋಗಾಲಯ ಸಹಾಯಕಿಯಾಗಿದ್ದವಳು. ಕೀಟಗಳ ಪೆಟ್ಟಿಗೆಗೆ ನುಸಿಗುಳಿಗೆ ಹಾಕುವುದು, ತುಕ್ಕು ಹಿಡಿದ ಸೂಜಿ ಬದಲಿಸುವುದು, ಹೆಸರಿನ ಚೀಟಿ ಬರೆಯುವುದು ನನ್ನ ಕೆಲಸ. ಹೆಸರು ತಪ್ಪಾದರೆ ಎಷ್ಟು ವರ್ಷ ತಪ್ಪಾಗಿಯೇ ಕೂತಿರುತ್ತದೆ ಎನ್ನುವುದನ್ನು ಕೈಯಾರೆ ಕಂಡಿದ್ದೇನೆ, ಅದಕ್ಕೇ ಈ ಪತ್ರ.

ಮೊದಲು ಚಿರತೆಯ ವಿಷಯ ಮುಗಿಸುತ್ತೇನೆ. ಚಿರತೆಯಲ್ಲಿ ಕಪ್ಪು ಬಣ್ಣ ಒಂದು ಜೀನಿನ ಅಪ್ರಬಲ ರೂಪದಿಂದ ಬರುತ್ತದೆ. ಅದು ತಾಯಿ, ತಂದೆ ಇಬ್ಬರಿಂದಲೂ ಬಂದು ಸೇರಿದರೆ ಮಾತ್ರ ಮರಿ ಕಪ್ಪಾಗುತ್ತದೆ. ಹಾಗಾಗಿ ಮೈತುಂಬ ಚುಕ್ಕೆಯಿರುವ ಜೋಡಿಗೂ ಕಪ್ಪು ಮರಿ ಹುಟ್ಟಬಹುದು, ಒಂದೇ ಸೂಲಿನಲ್ಲಿ ಎರಡೂ ಬಗೆಯ ಮರಿಗಳಿರಬಹುದು. ನಿಮ್ಮ ಚಿತ್ರದ ಜೋಡಿಗಿಂತ ಹತ್ತಿರದ ನೆಂಟಸ್ತಿಕೆ ಇನ್ನೆಲ್ಲಿಂದ ತರುವುದು? ಕಪ್ಪು ಚಿರತೆಯ ಮೈಮೇಲೂ ಚುಕ್ಕೆಗಳಿವೆ. ಓರೆಬಿಸಿಲು ಬಿದ್ದಾಗ, ಕಪ್ಪು ರೇಷ್ಮೆಯೊಳಗಿನ ಕಪ್ಪು ನೇಯ್ಗೆಯಂತೆ, ಮೆಲ್ಲಗೆ ಎದ್ದು ಬರುತ್ತವೆ. ‘ಅಪರೂಪ’ ಎಂಬ ಮಾತೂ ಎಲ್ಲ ಕಡೆ ನಿಲ್ಲುವುದಿಲ್ಲ. ಮಲಯ ಪರ್ಯಾಯ ದ್ವೀಪದಲ್ಲಿ, ಥಾಯ್ಲೆಂಡಿನ ದಕ್ಷಿಣದ ಕಿರಿದಾದ ನೆಲಪಟ್ಟಿ ಕ್ರಾ ಭೂಸಂಧಿಯಿಂದ ದಕ್ಷಿಣಕ್ಕೆ, ಚಿರತೆಗಳು ಬಹುಪಾಲು ಕಪ್ಪೇ. ಅಲ್ಲಿ ಚುಕ್ಕೆಯದೇ ಸುದ್ದಿಯಾಗಬೇಕು. ಅಮೆರಿಕ ಖಂಡದ ‘ಬ್ಲ್ಯಾಕ್ ಪ್ಯಾಂಥರ್’ ಅಂತೂ ಚಿರತೆಯೇ ಅಲ್ಲ, ಕಪ್ಪು ಜಾಗ್ವಾರ್. ಅದರಲ್ಲಿ ಕಪ್ಪು ತರುವ ಜೀನೇ ಬೇರೆ, ಅಲ್ಲಿ ಕಪ್ಪೇ ಪ್ರಬಲ.

ಹಾಗಾದರೆ ಕಪ್ಪು ಚಿರತೆಯನ್ನು ಏನೆನ್ನಬೇಕು? ‘ರೂಪ’ ಎನ್ನಿ, ಸಾಕು. ಇಂಗ್ಲಿಷಿನಲ್ಲಿ ‘ಮಾರ್ಫ್’ ಎನ್ನುವುದು ಇದನ್ನೇ. ಒಂದೇ ಪ್ರಭೇದ, ಒಂದೇ ಜಾಗ, ಒಂದೇ ಕಾಲ, ಆದರೆ ನಡುವೆ ಗೆರೆ ಎಳೆದಂತೆ ಬೇರೆ ಬೇರೆ ಕಾಣುವ ರೂಪಗಳು ಒಟ್ಟಿಗೆ ಬದುಕುವುದಕ್ಕೆ ಬಹುರೂಪತೆ ಎಂದು ಹೆಸರು. ಬ್ರಿಟಿಷ್ ವಿಜ್ಞಾನಿ ಇ.ಬಿ. ಫೋರ್ಡ್ 1940ರಲ್ಲಿ ಇದಕ್ಕೆ ಇನ್ನೊಂದು ಷರತ್ತು ಹಾಕಿದರು: ಅತಿ ವಿರಳವಾದ ರೂಪವೂ ಆಗೀಗ ನಡೆಯುವ ಉತ್ಪರಿವರ್ತನೆಯಿಂದಷ್ಟೇ (ಜೀನಿನಲ್ಲಿ ಹೊಸದಾಗಿ ಆಗುವ ಬದಲಾವಣೆ) ಉಳಿದಿರುವಂಥದ್ದಾಗಿರಬಾರದು, ಅದಕ್ಕಿಂತ ಹೆಚ್ಚಿನ ಪ್ರಮಾಣದಲ್ಲಿರಬೇಕು. ಉಪಪ್ರಭೇದದ, ಅಂದರೆ ನಿಮ್ಮ ಬರಹದ ‘ಉಪಜಾತಿ’ಯ, ಲೆಕ್ಕ ಬೇರೆ. ಅದಕ್ಕೆ ತನ್ನದೇ ಸೀಮೆ ಇರಬೇಕು. ಭಾರತದ ಕಪ್ಪು ಚಿರತೆ, ಚುಕ್ಕೆಯ ಚಿರತೆ ಎರಡೂ ‘ಪ್ಯಾಂಥೆರಾ ಪಾರ್ಡಸ್ ಫಸ್ಕಾ’ ಎಂಬ ಒಂದೇ ಉಪಪ್ರಭೇದ. ಫೋಟೊದಲ್ಲಿ ನಮ್ಮಂಥವರಿಗೆ ವ್ಯತ್ಯಾಸವೇ ತಿಳಿಯದ ಆಫ್ರಿಕದ ಚುಕ್ಕೆಯ ಚಿರತೆ ಇನ್ನೊಂದು ಉಪಪ್ರಭೇದ. ಬೇರೆ ಕಾಣುವವು ಒಂದು ಮನೆಯವು, ಒಂದೇ ಥರ ಕಾಣುವವು ಎರಡು ಮನೆಯವು! ಇನ್ನು ತಳಿ ಎಂದರೆ ಮನುಷ್ಯ ಆರಿಸಿ ಬೆಳೆಸಿದ್ದು, ಅದನ್ನು ನಾಯಿಗೂ ಭತ್ತಕ್ಕೂ ಬಿಡಿ.

ಈಗ ನನ್ನ ತಪ್ಪು. ಕೆಲಸಕ್ಕೆ ಸೇರಿದ ಎರಡನೇ ವರ್ಷ ಕಪ್ಪು ರೆಕ್ಕೆಯ, ಹಿಂದಿನ ರೆಕ್ಕೆಯ ಮೇಲೆ ಬಿಳಿ ಮಚ್ಚೆ, ಅಂಚಿಗೆ ಕೆಂಪು ಚುಕ್ಕೆಗಳಿದ್ದ ಚಿಟ್ಟೆಯೊಂದಕ್ಕೆ ‘ಕಾಮನ್ ರೋಸ್’ ಎಂದು ಚೀಟಿ ಬರೆದು ಪೆಟ್ಟಿಗೆಗೆ ಸೇರಿಸಿದೆ. ಆರು ವರ್ಷ ಅದು ಹಾಗೇ ಇತ್ತು. ವಿದ್ಯಾರ್ಥಿಗಳು ನೋಡಿ ಚಿತ್ರ ಬರೆದುಕೊಂಡರು, ಮೇಷ್ಟ್ರುಗಳು ಅಂಕ ಕೊಟ್ಟರು.

ಆರನೇ ವರ್ಷ ಹೊಸದಾಗಿ ಬಂದ ಮೇಡಂ ಒಬ್ಬರು ಕಾಮನ್ ಮಾರ್ಮನ್ ಚಿಟ್ಟೆಯ ಹೆಣ್ಣೊಂದನ್ನು ಬಲೆಯ ಗೂಡಿನಲ್ಲಿ ನಿಂಬೆ ಗಿಡದೊಂದಿಗೆ ಬಿಟ್ಟು, ಮೊಟ್ಟೆಯ ಉಸ್ತುವಾರಿ ನನಗೆ ವಹಿಸಿದರು. ಆ ಹೆಣ್ಣು ನೋಡಲು ಥೇಟ್ ಗಂಡಿನ ಹಾಗೆ: ಕಪ್ಪು ರೆಕ್ಕೆ, ಹಿಂದಿನ ರೆಕ್ಕೆಗೆ ಅಡ್ಡಲಾಗಿ ಬಿಳಿ ಮಚ್ಚೆಗಳ ಸಾಲು. ಮರಿಹುಳುಗಳು ಮೊದಮೊದಲು ಎಲೆಯ ಮೇಲೆ ಬಿದ್ದ ಹಕ್ಕಿ ಹಿಕ್ಕೆಯಂತಿದ್ದವು. ಕೊನೆಯ ಪೊರೆ ಕಳಚಿದ ಮೇಲೆ ಎಲೆಹಸಿರು. ಮುಟ್ಟಿದರೆ ತಲೆಯ ಹಿಂದಿನಿಂದ ಕವಲೊಡೆದ ಕೆಂಪು ಕೋಡು ಚಾಚಿ ಘಾಟು ಬಿಡುತ್ತಿದ್ದವು. ಕಡೆಗೆ ಒಂಬತ್ತು ಚಿಟ್ಟೆ ಹೊರಬಂದವು. ಐದು ಗಂಡು, ಎರಡು ತಾಯಿಯಂಥ ಹೆಣ್ಣು. ಇನ್ನೆರಡು ಹೆಣ್ಣುಗಳು ಮುದುಡಿದ ರೆಕ್ಕೆ ಬಿಡಿಸುತ್ತಿದ್ದಂತೆ ನನ್ನ ಎದೆ ಧಸಕ್ಕೆಂದಿತು. ಬಿಳಿ ಮಚ್ಚೆ, ಕೆಂಪು ಚುಕ್ಕೆ. ನಾನು ‘ಕಾಮನ್ ರೋಸ್’ ಎಂದು ಚೀಟಿ ಬರೆದಿದ್ದ ಚಿಟ್ಟೆಯೇ ಕಣ್ಣೆದುರು ಮಾರ್ಮನ್ ಕೋಶದಿಂದ ಇಳಿದು ಬಂದಿತ್ತು.

ಮೇಡಂ ಬೈಯಲಿಲ್ಲ. ಪೆಟ್ಟಿಗೆ ತರಿಸಿ, ಭೂತಗನ್ನಡಿ ಕೈಗಿಟ್ಟು, ‘ರೆಕ್ಕೆ ಬಿಡಮ್ಮಾ, ಮೈ ನೋಡು’ ಎಂದರು. ನಿಜವಾದ ರೋಸ್ ಚಿಟ್ಟೆಯ ಮೈ ಕೆಂಪು. ನನ್ನದರ ಮೈ ಅಪ್ಪಟ ಕಪ್ಪು. ರೋಸ್ ಚಿಟ್ಟೆ ಹಕ್ಕಿಗಳಿಗೆ ರುಚಿಸದು, ಅದರ ವೇಷ ಹಾಕಿಕೊಂಡು ಮಾರ್ಮನ್ ಹೆಣ್ಣು ಜೀವ ಉಳಿಸಿಕೊಳ್ಳುತ್ತದೆ. ಕಾಮನ್ ರೋಸನ್ನು ಅಣಕಿಸುವುದು ‘ಸ್ಟಿಚಿಯಸ್’ ರೂಪ, ಕ್ರಿಮ್ಸನ್ ರೋಸ್ ಎಂಬ ಇನ್ನೊಂದು ಚಿಟ್ಟೆಯನ್ನು ಅಣಕಿಸುವುದು ‘ರೊಮ್ಯುಲಸ್’, ಗಂಡಿನಂತೆ ಇರುವುದು ‘ಸೈರಸ್’. ವೇಷದ ಜೀನ್ ಗಂಡಿನಲ್ಲೂ ಇರುತ್ತದೆ, ಆದರೆ ಅದರ ಮೈಮೇಲೆ ಕಾಣಿಸಿಕೊಳ್ಳುವುದಿಲ್ಲ. ತಾಯಿಯಲ್ಲಿ ಇದ್ದಿದ್ದರೆ ಅದರ ಮೈಮೇಲೇ ಕಾಣುತ್ತಿತ್ತು, ಹಾಗಾಗಿ ನಮ್ಮ ಆ ಎರಡು ಹೆಣ್ಣುಗಳಿಗೆ ವೇಷ ಬಂದದ್ದು ನಾವು ನೋಡಿಯೇ ಇರದ ಅಪ್ಪನ ಕಡೆಯಿಂದ. ಈ ವೇಷದ ಸೂತ್ರ ‘ಡಬಲ್‌ಸೆಕ್ಸ್’ ಎಂಬ ಒಂದೇ ಜೀನಿನ ಕೈಯಲ್ಲಿದೆ ಎಂದು ಚಿಟ್ಟೆ ವಿಜ್ಞಾನಿ ಕೃಷ್ಣಮೇಘ ಕುಂಟೆ ಮತ್ತು ಸಂಗಡಿಗರು 2014ರಲ್ಲಿ ತೋರಿಸಿದಾಗ, ಆ ಸುದ್ದಿ ಓದಿ ಹಳೆಯ ಬಲೆಯ ಗೂಡು ನೆನಪಾಯಿತು.

ತಪ್ಪಿದವಳು ನಾನೊಬ್ಬಳೇ ಅಲ್ಲ ಎಂಬ ಸಮಾಧಾನವೂ ಇದೆ. ಜೀವಿಗಳಿಗೆ ಎರಡು ಪದದ ಹೆಸರಿಡುವ ಪದ್ಧತಿ ನೆಲೆಗೊಳಿಸಿದ ಲಿನೇಯಸ್ಸೇ 1758ರಲ್ಲಿ ಮಲ್ಲಾರ್ಡ್ ಬಾತುಕೋಳಿಯ ಗಂಡಿಗೊಂದು, ಹೆಣ್ಣಿಗೊಂದು ಪ್ರಭೇದದ ಹೆಸರು ಕೊಟ್ಟಿದ್ದರು. ಬೆನ್ನಮೇಲೆ ಪಟ್ಟೆಯಿರುವ ಚೀತಾದ ಚರ್ಮ ನೋಡಿ ಬ್ರಿಟಿಷ್ ಪ್ರಾಣಿವಿಜ್ಞಾನಿ ಪೋಕಾಕ್ 1927ರಲ್ಲಿ ‘ಅಸಿನೋನಿಕ್ಸ್ ರೆಕ್ಸ್’ ಎಂಬ ಹೊಸ ಪ್ರಭೇದವನ್ನೇ ಘೋಷಿಸಿದರು. 1981ರಲ್ಲಿ ದಕ್ಷಿಣ ಆಫ್ರಿಕದ ಡಿ ವಿಲ್ಟ್ ಕೇಂದ್ರದಲ್ಲಿ ಮಾಮೂಲಿ ಚುಕ್ಕೆಯ ಚೀತಾಗೇ ಅಂಥ ಪಟ್ಟೆಯ ಮರಿ ಹುಟ್ಟಿತು. ಆ ಪಟ್ಟೆ ಬರೆಯುವ ಜೀನೂ ಮನೆಬೆಕ್ಕಿನ ಮೈಮೇಲೆ ಸುರುಳಿಪಟ್ಟೆ ಬರೆಯುವ ಜೀನೂ ಒಂದೇ ಎಂದು 2012ರಲ್ಲಿ ಗೊತ್ತಾಯಿತು. ತಿರುಗುಮುರುಗಾಗಿಯೂ ಆಗಿದೆ. ಯುರೋಪಿನಲ್ಲಿ ಒಂದೇ ಎಂದುಕೊಂಡಿದ್ದ ಪಿಪಿಸ್ಟ್ರೆಲ್ ಬಾವಲಿ, ಕೂಗಿನ ಕಂಪನ ಅಳೆದಾಗ, 45 ಕಿಲೋಹರ್ಟ್ಸ್‌ನದು ಬೇರೆ, 55ರದು ಬೇರೆ ಪ್ರಭೇದ ಎಂದಾಯಿತು.

ಪ್ರಾಣಿಗಳ ಹೆಸರಿನ ಅಂತರರಾಷ್ಟ್ರೀಯ ಸಂಹಿತೆ ಉಪಪ್ರಭೇದಕ್ಕೇ ನಿಲ್ಲುತ್ತದೆ, ಅದರ ಕೆಳಗಿನ ರೂಪಗಳ ಹೆಸರಿಗೆ ಅಲ್ಲಿ ಮಾನ್ಯತೆ ಇಲ್ಲ. ಸ್ಟಿಚಿಯಸ್, ರೊಮ್ಯುಲಸ್ ಎಲ್ಲ ಈಗ ಬಳಕೆಯ ಅನುಕೂಲಕ್ಕೆ ಅಷ್ಟೇ. ಸಸ್ಯಶಾಸ್ತ್ರದವರು ಉದಾರಿಗಳು, ಉಪಪ್ರಭೇದದ ಕೆಳಗೂ ಎರಡು ಮೂರು ಮೆಟ್ಟಿಲು ಇಟ್ಟುಕೊಂಡಿದ್ದಾರೆ. ಉಪಪ್ರಭೇದ ಎಂಬ ಮೆಟ್ಟಿಲೇ ಬೇಕೇ ಎಂದು ತಕರಾರು ತೆಗೆಯುವ ವಿದ್ವಾಂಸರೂ ಉಂಟು. ಆ ಜಗಳ ಅವರದು.

ನಿಮ್ಮ ವರದಿಗಾರರನ್ನು ಪೂರ್ತಿ ದೂರಲಾರೆ. ಆಡುಮಾತಿನಲ್ಲಿ ‘ಪ್ರಭೇದ’ ಎಂದರೆ ಬರೀ ಬಗೆ, ಪಠ್ಯಪುಸ್ತಕದಲ್ಲಿ ಸ್ಪೀಷೀಸ್. ‘ಜಾತಿ’ ಎಂಬ ಪದದ ಪಾಡು ಹೇಳುವುದೇ ಬೇಡ. ಆದರೂ ಬರೆಯುವ ಮುನ್ನ, ಇದರ ಅಪ್ಪ ಅಮ್ಮ ಯಾರು, ಒಡಹುಟ್ಟಿದವು ಹೇಗಿವೆ ಎಂದು ಬಲ್ಲವರಿಗೊಂದು ಫೋನ್ ಮಾಡಿದ್ದರೆ ಆ ಸಾಲು ಅಚ್ಚಾಗುತ್ತಿರಲಿಲ್ಲ.

ದಯವಿಟ್ಟು ಮುಂದಿನ ಭಾನುವಾರ ತಿದ್ದುಪಡಿ ಹಾಕಿ, ಹಳೆಯ ಸಾಲನ್ನೂ ಅದರ ಪಕ್ಕದಲ್ಲೇ ಅಚ್ಚು ಮಾಡಿ. ನಮ್ಮ ಪೆಟ್ಟಿಗೆಗಳಲ್ಲಿ ಪದ್ಧತಿ ಅದೇ. ತಪ್ಪು ಚೀಟಿಯನ್ನು ಹರಿದು ಎಸೆಯುವ ಹಾಗಿಲ್ಲ, ಸರಿಯಾದದ್ದನ್ನು ಬರೆದು ಅದೇ ಸೂಜಿಗೆ ಕೆಳಗೆ ಚುಚ್ಚಬೇಕು. ನನ್ನ ಕೈಬರಹದ ‘ಕಾಮನ್ ರೋಸ್’ ಇವತ್ತಿಗೂ ಆ ಕಪ್ಪು ಮೈಯ ಚಿಟ್ಟೆಯ ಕೆಳಗಿದೆ, ಅದರ ಕೆಳಗೆ ಮೇಡಂ ಬರೆಸಿದ ಇನ್ನೊಂದು ಚೀಟಿ.

ಇತಿ,
ನಿಮ್ಮ ಹಳೆಯ ಓದುಗಳು,
ನಿವೃತ್ತ ಪ್ರಯೋಗಾಲಯ ಸಹಾಯಕಿ